ವಾರವೆಲ್ಲ ಕವಾಯತು, ಶನಿವಾರ ಲೀಗ್ ಪಂದ್ಯ: ಸ್ಕಾಟ್ಲೆಂಡಿನ 1914-15ರ ಫುಟ್‌ಬಾಲ್

ಸ್ಕಾಟ್ಲೆಂಡ್ ಫುಟ್‌ಬಾಲ್ ಲೀಗಿನ 1914-15ರ ಅಂಕಪಟ್ಟಿ ತೆಗೆದು ನೋಡಿದರೆ ವಿಶೇಷವೇನೂ ಕಾಣುವುದಿಲ್ಲ. ಮೊದಲ ಸ್ಥಾನ ಸೆಲ್ಟಿಕ್, 38 ಪಂದ್ಯ, 65 ಪಾಯಿಂಟ್. ಎರಡನೇ ಸ್ಥಾನ ಹಾರ್ಟ್ಸ್, 38 ಪಂದ್ಯ, 61 ಪಾಯಿಂಟ್. ಆಗ ಗೆದ್ದರೆ 2 ಪಾಯಿಂಟ್, ಡ್ರಾ ಆದರೆ 1. ಅಂದರೆ ಎರಡು ತಂಡಗಳ ನಡುವಿನ ಅಂತರ ಬರೀ ಎರಡು ಗೆಲುವಿನಷ್ಟು. ಇಷ್ಟೇ ತಾನೇ ಅಂದುಕೊಂಡು ಪುಟ ತಿರುಗಿಸಬಹುದು.

ಆದರೆ ಎರಡನೇ ಸ್ಥಾನದ ತಂಡದಲ್ಲಿ ಆಡುತ್ತಿದ್ದವರಲ್ಲಿ ಹೆಚ್ಚಿನವರು ಆ ಚಳಿಗಾಲದ ಹೊತ್ತಿಗೆ ಸೈನ್ಯಕ್ಕೆ ಸೇರಿಯಾಗಿತ್ತು. ವಾರವೆಲ್ಲ ಕವಾಯತು, ಬಂದೂಕಿನ ತರಬೇತಿ, ರಾತ್ರಿ ಹೊತ್ತು ಮೈಲಿಗಟ್ಟಲೆ ನಡಿಗೆ. ಶನಿವಾರ ಮಧ್ಯಾಹ್ನ ಬೂಟು ಬದಲಾಯಿಸಿಕೊಂಡು ಲೀಗ್ ಪಂದ್ಯ. ಆ ನಾಲ್ಕು ಪಾಯಿಂಟ್ ಎಲ್ಲಿ ಹೋಯಿತು ಅನ್ನುವುದು ಗೊತ್ತಾಗಬೇಕಾದರೆ ಮೊದಲು ಇನ್ನೊಂದು ಪ್ರಶ್ನೆಗೆ ಉತ್ತರ ಬೇಕು. ಇಡೀ ದೇಶ ಮೊದಲ ಮಹಾಯುದ್ಧಕ್ಕೆ ಇಳಿದಿರುವಾಗ ಫುಟ್‌ಬಾಲ್ ನಡೀತಾ ಇದ್ದದ್ದಾದರೂ ಯಾಕೆ?

ಬ್ರಿಟನ್ ಯುದ್ಧ ಘೋಷಿಸಿದ್ದು 1914ರ ಆಗಸ್ಟ್ 4ಕ್ಕೆ. ಲೀಗ್ ಶುರುವಾಗಿದ್ದು ಆಗಸ್ಟ್ 15ಕ್ಕೆ. ಈಗ ನೋಡಿದರೆ ಇದು ವಿಚಿತ್ರ ಅನ್ನಿಸುತ್ತದೆ, ಅಲ್ವಾ? ಆಗಿನವರಿಗೆ ಅಷ್ಟೇನೂ ಅನ್ನಿಸಲಿಲ್ಲ. ಯುದ್ಧ ಬೇಗ ಮುಗಿಯುತ್ತದೆ ಎಂದು ಬಹಳ ಜನ ನಂಬಿದ್ದರು. ಬ್ರಿಟನ್ನಿನಲ್ಲಿ ಆಗ ಕಡ್ಡಾಯ ಸೈನಿಕ ಸೇವೆಯೂ ಇರಲಿಲ್ಲ. ಫ್ರಾನ್ಸ್, ಜರ್ಮನಿಗಳಲ್ಲಿ ಇಂತಿಷ್ಟು ವಯಸ್ಸಿನ ಗಂಡಸರು ಕರೆ ಬಂದ ಕೂಡಲೇ ಹೊರಡಲೇಬೇಕಿತ್ತು. ಬ್ರಿಟನ್ನಿನಲ್ಲಿ ಹೋಗುವುದು ಬಿಡುವುದು ಅವರವರ ಇಷ್ಟ. ಯುದ್ಧಮಂತ್ರಿ ಕಿಚನರ್ ಅವರ ಬೆರಳು ತೋರಿಸುವ ಚಿತ್ರ ಊರೂರ ಗೋಡೆಗಳ ಮೇಲೆ ಬಂದದ್ದು ಇದಕ್ಕೇ. ಕಾನೂನಿನಿಂದ ಎಳೆದುಕೊಂಡು ಹೋಗುವ ಹಾಗಿರಲಿಲ್ಲ. ಹಾಗಾಗಿ ಪುಸಲಾಯಿಸಬೇಕಿತ್ತು, ಇಲ್ಲವೇ ನಾಚಿಕೆಪಡಿಸಬೇಕಿತ್ತು.

ಮುಂದೆ ಹಾರ್ಟ್ಸ್ ತಂಡಕ್ಕೆ ಆದದ್ದರ ಬೇರು ಈ ಎರಡನೆಯದರಲ್ಲಿದೆ.

ಫುಟ್‌ಬಾಲಿನ ಮೇಲೇ ಯಾಕೆ ಕಣ್ಣು?

ನಾಚಿಕೆಪಡಿಸಲು ಎಲ್ಲರಿಗೂ ಕಾಣುವ ಗುರಿ ಬೇಕು. ವಾರವಾರವೂ ಸಾವಿರಾರು ಜನರ ಮುಂದೆ ಓಡಾಡುವ, ಗಟ್ಟಿಮುಟ್ಟಾದ, ಇಪ್ಪತ್ತರ ಹರೆಯದ ಗಂಡಸರಿಗಿಂತ ಒಳ್ಳೆ ಗುರಿ ಎಲ್ಲಿ ಸಿಗುತ್ತದೆ? ಇಂಥವರು ಚೆಂಡು ಒದೆಯುತ್ತಾ ಕೂತಿದ್ದಾರಲ್ಲ, ಅದನ್ನು ನೋಡಲು ಇನ್ನಷ್ಟು ಗಟ್ಟಿಮುಟ್ಟಾದವರು ದುಡ್ಡು ಕೊಟ್ಟು ಬರುತ್ತಿದ್ದಾರಲ್ಲ ಎಂದು ಪತ್ರಿಕೆಗಳಿಗೆ ಪತ್ರಗಳು ಬರತೊಡಗಿದವು. ರಗ್ಬಿಯವರನ್ನು ನೋಡಿ, ಅವರು ಆಟ ನಿಲ್ಲಿಸಿ ಸೈನ್ಯಕ್ಕೆ ಹೊರಟೇಬಿಟ್ಟರು ಎಂಬ ಹೋಲಿಕೆ ಬೇರೆ.

ಈ ಹೋಲಿಕೆಯಲ್ಲಿ ಒಂದು ಮೋಸ ಇದೆ. ರಗ್ಬಿ ಯೂನಿಯನ್ ಆಡುತ್ತಿದ್ದವರಿಗೆ ಆಟ ಹೊಟ್ಟೆಪಾಡಾಗಿರಲಿಲ್ಲ. ಹೆಚ್ಚಿನವರು ಅನುಕೂಲಸ್ಥರ ಮನೆಯವರು. ಆಟ ನಿಂತರೆ ಒಂದು ಹವ್ಯಾಸ ನಿಂತ ಹಾಗೆ, ಅಷ್ಟೇ. ಫುಟ್‌ಬಾಲ್ ಆಟಗಾರನಿಗೆ ಅದು ವಾರದ ಸಂಬಳ. ಅವನು ಗಣಿ ಕಾರ್ಮಿಕನ, ಗಿರಣಿ ಕಾರ್ಮಿಕನ ಮಗ. ಸೀಸನ್ ಮುಗಿಯುವವರೆಗೆ ಕ್ಲಬ್ಬಿನ ಜೊತೆ ಒಪ್ಪಂದ ಇರುತ್ತಿತ್ತು. ಕ್ಲಬ್ಬುಗಳೂ ಷೇರುದಾರರಿರುವ, ಸಾಲ ಹೊತ್ತ ಕಂಪನಿಗಳು. ಗೇಟಿನ ದುಡ್ಡು ನಿಂತರೆ ಸಂಬಳ ಎಲ್ಲಿಂದ ಕೊಡುವುದು? ಸುಮ್ನೆ ಬೀಗ ಹಾಕಿ ಹೋಗುವುದು ಅಷ್ಟು ಸುಲಭವಾಗಿರಲಿಲ್ಲ. ಇನ್ನೊಂದು ಕಡೆ ಸೈನ್ಯಕ್ಕೂ ಫುಟ್‌ಬಾಲಿನಿಂದ ಲಾಭ ಇತ್ತು. ಅಷ್ಟೊಂದು ಯುವಕರು ಒಂದೇ ಕಡೆ ಸೇರುವ ಜಾಗ ಬೇರೆ ಯಾವುದಿದೆ? ಅರ್ಧ ಆಟ ಮುಗಿದ ಬಿಡುವಿನಲ್ಲಿ ಬ್ಯಾಂಡ್ ಬಾರಿಸಿ, ಭಾಷಣ ಮಾಡಿ, ಜನರನ್ನು ಸೇರಿಸಿಕೊಳ್ಳುತ್ತಿದ್ದರು. ಫುಟ್‌ಬಾಲನ್ನು ಬೈಯುತ್ತಿದ್ದವರು ಇದನ್ನು ಹೇಳುತ್ತಿದ್ದದ್ದು ಕಡಿಮೆ.

ಬಿಳಿ ಗರಿ

ಈಗ ಹಾರ್ಟ್ಸ್ ವಿಷಯಕ್ಕೆ ಬರೋಣ. ಪೂರ್ತಿ ಹೆಸರು ಹಾರ್ಟ್ ಆಫ್ ಮಿಡ್ಲೋಥಿಯನ್. ಊರು ಎಡಿನ್‌ಬರೋ. ಎಡಿನ್‌ಬರೋದ ಹಳೇ ಜೈಲಿಗಿದ್ದ ಅಡ್ಡಹೆಸರೇ ಇದು. ಆ ಜೈಲಿದ್ದ ಜಾಗದಲ್ಲಿ ಈಗ ಕಲ್ಲು ಹಾಸಿನ ಮೇಲೆ ಹೃದಯದ ಆಕಾರ ಇದೆ, ಹೋಗುವವರು ಅದರ ಮೇಲೆ ಉಗುಳುವುದು ವಾಡಿಕೆ. ಜೈಲಿನ ಅಡ್ಡಹೆಸರು ಇಟ್ಟುಕೊಂಡ ತಂಡ ಜಗತ್ತಿನಲ್ಲಿ ಇನ್ನೆಷ್ಟಿದೆಯೋ.

ಆ ವರ್ಷ ಹಾರ್ಟ್ಸ್ ಬಲು ಒಳ್ಳೆಯ ತಂಡ. ಮ್ಯಾನೇಜರ್ ಜಾನ್ ಮೆಕಾರ್ಟ್ನಿ ಅದನ್ನು ನಿಧಾನವಾಗಿ ಕಟ್ಟಿದ್ದರು. ಲೀಗ್ ಗೆದ್ದು ಬಹಳ ವರ್ಷವಾಗಿತ್ತು, ಕೊನೆಯ ಗೆಲುವು 1897ರದ್ದು. ಗೋಲು ಹೊಡೆಯುತ್ತಿದ್ದ ಪರ್ಸಿ ಡಾಸನ್‌ನನ್ನು 1914ರ ಶುರುವಿನಲ್ಲಿ ಇಂಗ್ಲೆಂಡಿನ ಬ್ಲ್ಯಾಕ್‌ಬರ್ನ್ ತಂಡಕ್ಕೆ 2,500 ಪೌಂಡಿಗೆ ಮಾರಿದ್ದರು. ಆ ಕಾಲಕ್ಕೆ ಅದು ದಾಖಲೆ ಮೊತ್ತ. ಟೈನ್‌ಕಾಸಲ್ ಮೈದಾನದಲ್ಲಿ ಹೊಸ ಸ್ಟ್ಯಾಂಡ್ ಕಟ್ಟಿಸುತ್ತಿದ್ದರು, ಅದಕ್ಕೆ ದುಡ್ಡು ಬೇಕಿತ್ತು. ಡಾಸನ್ ಜಾಗಕ್ಕೆ ಲಿವರ್‌ಪೂಲಿನಿಂದ ಟಾಮ್ ಗ್ರೇಸಿ ಬಂದ. ಮೊದಲ ದಿನವೇ ಹಿಂದಿನ ವರ್ಷದ ಚಾಂಪಿಯನ್ ಸೆಲ್ಟಿಕ್ ತಂಡವನ್ನು ಹಾರ್ಟ್ಸ್ 2-0ಯಿಂದ ಸೋಲಿಸಿತು. ಮೊದಲ ಎಂಟು ಪಂದ್ಯವನ್ನೂ ಗೆದ್ದಿತು.

ಗೆಲ್ಲುತ್ತಿರುವ ತಂಡ ಎಲ್ಲರ ಕಣ್ಣಿಗೂ ಬೀಳುತ್ತದೆ. ನವೆಂಬರ್ 16ರಂದು ಎಡಿನ್‌ಬರೋದ ಸಂಜೆ ಪತ್ರಿಕೆಯೊಂದರಲ್ಲಿ ‘ಸೈನಿಕನ ಮಗಳು’ ಎಂಬ ಸಹಿಯ ಒಂದು ಪತ್ರ ಬಂತು. ಹಾರ್ಟ್ಸ್ ಆಟ ಮುಂದುವರಿಸುವುದಾದರೆ ತಂಡದ ಹೆಸರನ್ನು ‘ಮಿಡ್ಲೋಥಿಯನ್ನಿನ ಬಿಳಿ ಗರಿಗಳು’ ಎಂದು ಬದಲಿಸಿಕೊಳ್ಳಲಿ ಎಂಬ ಸಲಹೆ ಅದರಲ್ಲಿತ್ತು. ಬಿಳಿ ಗರಿ ಅಂದರೆ ಬ್ರಿಟನ್ನಿನಲ್ಲಿ ಹೇಡಿಯ ಗುರುತು. ಆ ಆಗಸ್ಟಿನಲ್ಲೇ ಪೆನ್ರೋಸ್ ಫಿಟ್ಸ್‌ಜೆರಾಲ್ಡ್ ಎಂಬ ನಿವೃತ್ತ ಅಡ್ಮಿರಲ್ ಹೆಂಗಸರ ಗುಂಪು ಕಟ್ಟಿ, ಸಮವಸ್ತ್ರ ಹಾಕದ ಗಂಡಸರಿಗೆ ಬೀದಿಯಲ್ಲೇ ಗರಿ ಕೊಡಿಸುವ ಕೆಲಸ ಶುರು ಮಾಡಿದ್ದ. ನಮ್ಮಲ್ಲಿ ‘ಬಳೆ ತೊಟ್ಟುಕೋ’ ಅಂತ ಹಂಗಿಸುವುದಿಲ್ಲವೇ, ಹಾಗೆ. ವ್ಯತ್ಯಾಸ ಇಷ್ಟೇ, ಅಲ್ಲಿ ಗರಿಯನ್ನು ನಿಜವಾಗಲೂ ಕೈಗೆ ಕೊಡುತ್ತಿದ್ದರು.

ಅದೇ ಹೊತ್ತಿಗೆ ಸರ್ ಜಾರ್ಜ್ ಮೆಕ್ರೇ ಅಖಾಡಕ್ಕೆ ಇಳಿದರು. ಬಟ್ಟೆ ವ್ಯಾಪಾರದಲ್ಲಿ ಮೇಲೆ ಬಂದವರು, ಪಾರ್ಲಿಮೆಂಟ್ ಸದಸ್ಯರಾಗಿದ್ದವರು, ಊರಿನಲ್ಲಿ ಬಹಳ ಜನಪ್ರಿಯರು. ವಯಸ್ಸು 54. ತಾನೇ ಒಂದು ಬೆಟಾಲಿಯನ್ ಕಟ್ಟುತ್ತೇನೆ, ತಾನೇ ಅದರ ಮುಂದೆ ನಿಂತು ಯುದ್ಧಕ್ಕೆ ಹೋಗುತ್ತೇನೆ ಎಂದರು.

ಇಲ್ಲಿ ಬೆಟಾಲಿಯನ್ ಕಟ್ಟುವ ರೀತಿ ಸ್ವಲ್ಪ ತಿಳಿಯಬೇಕು. ಒಂದು ಬೆಟಾಲಿಯನ್ ಅಂದರೆ ಸುಮಾರು ಸಾವಿರ ಜನ. ಅಪರಿಚಿತರ ಜೊತೆ ಹೋಗಲು ಹಿಂಜರಿಯುವವರು ಗೆಳೆಯರ ಜೊತೆ ಹೊರಡುತ್ತಾರೆ ಅನ್ನುವ ಲೆಕ್ಕ ಸರ್ಕಾರದ್ದು. ಒಂದೇ ಬೀದಿಯವರು, ಒಂದೇ ಕಾರ್ಖಾನೆಯವರು, ಒಂದೇ ಆಫೀಸಿನವರು ಒಟ್ಟಿಗೆ ಸೇರಿದರೆ ಒಟ್ಟಿಗೇ ಇರಬಹುದು ಎಂದು ಮಾತು ಕೊಟ್ಟರು. ‘ಗೆಳೆಯರ ಬೆಟಾಲಿಯನ್’ ಎಂದೇ ಇವಕ್ಕೆ ಹೆಸರು ಬಿತ್ತು. ಜನ ಸೇರಿಸಲು ಇದಕ್ಕಿಂತ ಒಳ್ಳೆ ಉಪಾಯ ಇರಲಿಲ್ಲ. ಒಟ್ಟಿಗೆ ಇರುವವರು ಒಟ್ಟಿಗೇ ಸಾಯಬಹುದು ಅನ್ನುವುದು ಆಗ ಯಾರಿಗೂ ಹೊಳೆಯಲಿಲ್ಲ, ಅಥವಾ ಹೊಳೆದರೂ ಬಾಯಿ ಬಿಡಲಿಲ್ಲ.

ನವೆಂಬರ್ 25ರಂದು ಹಾರ್ಟ್ಸ್ ತಂಡದ 11 ಆಟಗಾರರು ಮೆಕ್ರೇ ಬೆಟಾಲಿಯನ್ನಿಗೆ ಹೆಸರು ಕೊಟ್ಟರು. ಸೈನ್ಯದ ಲೆಕ್ಕದಲ್ಲಿ ಅದು ರಾಯಲ್ ಸ್ಕಾಟ್ಸ್ ರೆಜಿಮೆಂಟಿನ 16ನೇ ಬೆಟಾಲಿಯನ್. ಮರುದಿನಗಳಲ್ಲಿ ಪ್ಯಾಟ್ ಕ್ರಾಸನ್, ಜೇಮ್ಸ್ ಬಾಯ್ಡ್ ಕೂಡ ಸೇರಿದರು. ಜೇಮ್ಸ್ ಸ್ಪೀಡಿ ಎಂಬ ಆಟಗಾರ ಅದಕ್ಕೂ ಮೊದಲೇ ಬೇರೆ ರೆಜಿಮೆಂಟಿಗೆ ಹೋಗಿಯಾಗಿತ್ತು. ಮೀಸಲು ಸೈನಿಕರಾಗಿದ್ದ ಇನ್ನಿಬ್ಬರಿಗೆ ಯುದ್ಧ ಶುರುವಾದಾಗಲೇ ಕರೆ ಬಂದಿತ್ತು. ಕೆಲವರು ವೈದ್ಯಕೀಯ ಪರೀಕ್ಷೆಯಲ್ಲಿ ಹೊರಬಿದ್ದರು. ಪತ್ರ ಬರೆದವರಿಗೆ ಈ ಮೊದಲಿನವರ ಸುದ್ದಿ ಗೊತ್ತಿತ್ತೋ ಇಲ್ಲವೋ.

ಆಟಗಾರರ ಹಿಂದೆ ಅಭಿಮಾನಿಗಳು ಬಂದರು, ನೂರಾರು ಜನ. ಬೇರೆ ಕ್ಲಬ್ಬುಗಳವರೂ ಬಂದರು: ರೇತ್ ರೋವರ್ಸ್, ಫಾಲ್ಕರ್ಕ್, ಡನ್‌ಫರ್ಮ್ಲಿನ್. ಊರಿನ ಎದುರಾಳಿ ಹಿಬರ್ನಿಯನ್ ತಂಡದ ಬೆಂಬಲಿಗರು ಸಹ ಬಂದರು. ಶನಿವಾರ ಗ್ಯಾಲರಿಯಲ್ಲಿ ಒಬ್ಬರನ್ನೊಬ್ಬರು ಬೈದುಕೊಳ್ಳುತ್ತಿದ್ದವರು ಒಂದೇ ಸಾಲಿನಲ್ಲಿ ನಿಂತರು. ಡಿಸೆಂಬರ್ ಮಧ್ಯದೊಳಗೆ ಬೆಟಾಲಿಯನ್ ತುಂಬಿತ್ತು. ಇಂಗ್ಲೆಂಡಿನ ಫುಟ್‌ಬಾಲ್ ಆಟಗಾರರು ಲಂಡನ್ನಿನಲ್ಲಿ ತಮ್ಮದೇ ಬೆಟಾಲಿಯನ್ ಶುರು ಮಾಡಿದ್ದು ಡಿಸೆಂಬರ್ 15ಕ್ಕೆ. ಎಡಿನ್‌ಬರೋದವರು ಅದಕ್ಕೂ ಮೂರು ವಾರ ಮುಂದಿದ್ದರು.

ಆ ನಾಲ್ಕು ಪಾಯಿಂಟ್

ಸೇರಿದ ಕೂಡಲೇ ಫ್ರಾನ್ಸಿಗೆ ಕಳಿಸಲಿಲ್ಲ. ಮೊದಲು ತಿಂಗಳುಗಟ್ಟಲೆ ತರಬೇತಿ. ತರಬೇತಿ ಎಡಿನ್‌ಬರೋದಲ್ಲೇ ಆದ್ದರಿಂದ ಶನಿವಾರ ಆಡಲು ಅನುಮತಿ ಸಿಕ್ಕಿತು. ಹೀಗೆ ಶುರುವಾಯಿತು ಎರಡು ದೋಣಿಯ ಮೇಲಿನ ಪಯಣ.

ಫುಟ್‌ಬಾಲಿಗೆ ಬೇಕಾದ ಮೈ ಬೇರೆ, ಸೈನ್ಯಕ್ಕೆ ಬೇಕಾದ ಮೈ ಬೇರೆ. ಫುಟ್‌ಬಾಲ್ ಆಟಗಾರನಿಗೆ ಒಮ್ಮೆಲೇ ಚಿಮ್ಮುವ ಓಟ ಬೇಕು, ಪಂದ್ಯದ ಹಿಂದಿನ ದಿನ ಕಾಲಿಗೆ ವಿಶ್ರಾಂತಿ ಬೇಕು. ಸೈನ್ಯ ಕಲಿಸುವುದು ಬೆನ್ನ ಮೇಲೆ ಹೊರೆ ಹೊತ್ತು ಒಂದೇ ಸಮನೆ ನಡೆಯುವುದನ್ನು. ಭಾರದ ಬೂಟಿನಲ್ಲಿ ಪಾದ ಬೊಬ್ಬೆ ಏಳುತ್ತಿತ್ತು. ಟೈಫಾಯಿಡ್ ಚುಚ್ಚುಮದ್ದು ಕೊಟ್ಟರೆ ಜ್ವರ, ಮೈಕೈ ನೋವು. ರಾತ್ರಿ ನಡಿಗೆ ಮುಗಿಸಿದವರು ಸರಿಯಾಗಿ ನಿದ್ದೆಯಿಲ್ಲದೆ ಮೈದಾನಕ್ಕೆ ಬರುತ್ತಿದ್ದರು. ಇದು ಒಬ್ಬಿಬ್ಬರ ಪಾಡಾಗಿದ್ದರೆ ಬದಲಿ ಆಟಗಾರರನ್ನು ಹಾಕಬಹುದಿತ್ತು. ಹಾರ್ಟ್ಸ್‌ನಲ್ಲಿ ತಂಡಕ್ಕೆ ತಂಡವೇ ಹೀಗೆ.

ಆದರೂ ಅವರು ಫೆಬ್ರವರಿ, ಮಾರ್ಚ್ ದಾಟಿ ಮುಂದೆಯೇ ಇದ್ದರು. ನನಗೆ ಅಚ್ಚರಿ ಅನ್ನಿಸುವುದು ಹಾರ್ಟ್ಸ್ ಸೋತದ್ದಲ್ಲ, ಅಷ್ಟು ದೂರ ಹೇಗೆ ತಳ್ಳಿಕೊಂಡು ಬಂದರು ಅನ್ನುವುದು. ಕೊನೆಯ ವಾರಗಳಲ್ಲಿ ಕಾಲು ಕೈಕೊಟ್ಟಿತು. ಮಾರ್ಟನ್ ಮತ್ತು ಸೇಂಟ್ ಮಿರೆನ್ ತಂಡಗಳ ಎದುರು ಸೋಲು. ಎರಡು ಪಂದ್ಯ, ನಾಲ್ಕು ಪಾಯಿಂಟ್.

ಇನ್ನೊಂದು ವಿಷಯ ಆಗ ಹೊರಗಿನವರಿಗೆ ಗೊತ್ತಿರಲಿಲ್ಲ. ಟಾಮ್ ಗ್ರೇಸಿಗೆ ಆ ವಸಂತಕಾಲದಲ್ಲೇ ರಕ್ತದ ಕ್ಯಾನ್ಸರ್ ಎಂದು ತಿಳಿದಿತ್ತು. ಮ್ಯಾನೇಜರಿಗೆ ಹೇಳಿದ, ಉಳಿದವರಿಗೆ ಹೇಳಬೇಡಿ ಎಂದ, ಆಡುತ್ತಲೇ ಹೋದ. ಆ ಲೀಗಿನಲ್ಲಿ ಅವನು ಹೊಡೆದ ಗೋಲು 29. ಯುದ್ಧಭೂಮಿಯನ್ನು ನೋಡುವ ಮೊದಲೇ, 1915ರ ಅಕ್ಟೋಬರಿನಲ್ಲಿ ಗ್ಲಾಸ್ಗೋದಲ್ಲಿ ತೀರಿಕೊಂಡ.

ಈ ಕಥೆ ಹೇಳುವವರು ಸಾಮಾನ್ಯವಾಗಿ ಸೆಲ್ಟಿಕ್ ತಂಡವನ್ನು ಖಳನಾಯಕ ಮಾಡಿಬಿಡುತ್ತಾರೆ. ಅದು ನ್ಯಾಯವಲ್ಲ. 1905ರಿಂದ 1910ರವರೆಗೆ ಸತತ ಆರು ಬಾರಿ ಲೀಗ್ ಗೆದ್ದ ಕ್ಲಬ್ಬು ಅದು. ಮ್ಯಾನೇಜರ್ ವಿಲ್ಲಿ ಮೇಲಿ, ಗೋಲಿಯಾಗಿ ಚಾರ್ಲಿ ಶಾ, ಮುಂದೆ ಪ್ಯಾಟ್ಸಿ ಗ್ಯಾಲಕರ್. ಆ ವರ್ಷ 38 ಪಂದ್ಯಗಳಲ್ಲಿ ಸೋತದ್ದು ಮೂರೇ. ಹಾರ್ಟ್ಸ್ ಆಟಗಾರರು ಒಟ್ಟಿಗೆ ಸೇರಿದ ಹಾಗೆ ಸೆಲ್ಟಿಕ್ ಆಟಗಾರರು ಸೇರಲಿಲ್ಲ ಅನ್ನುವುದು ನಿಜ. ಹಾಗಂತ ಅದನ್ನು ಹೇಡಿತನ ಅನ್ನುವುದಾದರೆ ನಾವೂ ಬಿಳಿ ಗರಿ ಹಿಡಿದು ಬೀದಿಗೆ ಇಳಿದ ಹಾಗಾಗುತ್ತದೆ. ಹಿಂದೆ ಸೆಲ್ಟಿಕ್‌ನಲ್ಲಿದ್ದ ವಿಲ್ಲಿ ಆಂಗಸ್ 1915ರ ಜೂನ್‌ನಲ್ಲಿ ಗಾಯಗೊಂಡ ಅಧಿಕಾರಿಯನ್ನು ಶತ್ರುವಿನ ಕಂದಕದ ಬಾಯಿಂದ ಎಳೆದು ತಂದ. ಒಂದು ಕಣ್ಣು ಹೋಯಿತು, ಮೈಮೇಲೆ ಸುಮಾರು 40 ಗಾಯ. ಬ್ರಿಟನ್ನಿನ ಅತಿ ದೊಡ್ಡ ಶೌರ್ಯ ಪದಕ ವಿಕ್ಟೋರಿಯಾ ಕ್ರಾಸ್ ಸಿಕ್ಕಿತು. ಸೆಲ್ಟಿಕ್‌ನ ಪೀಟರ್ ಜಾನ್‌ಸ್ಟನ್ 1917ರಲ್ಲಿ ಅರಾಸ್‌ನಲ್ಲಿ ಸತ್ತ.

ಲೀಗ್ ನಿಲ್ಲಲಿಲ್ಲ, ಬದಲಾಯಿತು

1915ರ ಬೇಸಿಗೆಯಲ್ಲಿ ಇಂಗ್ಲೆಂಡ್ ತನ್ನ ಲೀಗನ್ನು ನಿಲ್ಲಿಸಿತು. ಸ್ಕಾಟ್ಲೆಂಡ್ ನಿಲ್ಲಿಸಲಿಲ್ಲ. ಆದರೆ ನಿಯಮಗಳನ್ನು ಬಿಗಿ ಮಾಡಿತು. ಸ್ಕಾಟಿಷ್ ಕಪ್ ಪಂದ್ಯಾವಳಿ ಅಷ್ಟರಲ್ಲೇ ನಿಂತಿತ್ತು, ಮತ್ತೆ ನಡೆದದ್ದು 1919-20ರಲ್ಲಿ. ಎರಡನೇ ಡಿವಿಷನ್ ಕೈಬಿಟ್ಟರು. ಆಟಗಾರನಿಗೆ ವಾರಕ್ಕೆ ಒಂದು ಪೌಂಡಿಗಿಂತ ಜಾಸ್ತಿ ಕೊಡುವಂತಿಲ್ಲ. ವಾರದ ನಡುವೆ ಪಂದ್ಯ ಇಲ್ಲ, ಶನಿವಾರ ಮತ್ತು ರಜಾದಿನ ಮಾತ್ರ. ಉಳಿದ ದಿನ ಆಟಗಾರ ಹಡಗುಕಟ್ಟೆಯಲ್ಲೋ, ಗಣಿಯಲ್ಲೋ, ಮದ್ದುಗುಂಡಿನ ಕಾರ್ಖಾನೆಯಲ್ಲೋ ದುಡಿಯಬೇಕು. ಪ್ಯಾಟ್ಸಿ ಗ್ಯಾಲಕರ್ ಹಡಗುಕಟ್ಟೆಯ ಕೆಲಸಕ್ಕೆ ಚಕ್ಕರ್ ಹಾಕಿ ಸಿಕ್ಕಿಬಿದ್ದಾಗ ದಂಡ ಬಿತ್ತು, ಲೀಗಿನಿಂದಲೂ ಶಿಕ್ಷೆಯಾಯಿತು.

ವಾರದ ನಡುವೆ ಆಡಬಾರದು ಅನ್ನುವ ನಿಯಮದಿಂದ ಒಂದು ತಮಾಷೆಯ ದಿನ ಹುಟ್ಟಿತು. 1916ರ ವಸಂತಕಾಲಕ್ಕೆ ಸೆಲ್ಟಿಕ್ ಆಡಬೇಕಾದ ಪಂದ್ಯಗಳು ಬಾಕಿ ಉಳಿದಿದ್ದವು, ಶನಿವಾರಗಳು ಸಾಲುತ್ತಿರಲಿಲ್ಲ. ಹಾಗಾಗಿ ಏಪ್ರಿಲ್ 15ರಂದು ಒಂದೇ ದಿನ ಎರಡು ಲೀಗ್ ಪಂದ್ಯ ಆಡಿದರು. ಮಧ್ಯಾಹ್ನ ತಮ್ಮ ಮೈದಾನದಲ್ಲಿ ರೇತ್ ರೋವರ್ಸ್ ತಂಡವನ್ನು 6-0ಯಿಂದ ಸೋಲಿಸಿದರು. ಅಲ್ಲಿಂದ ಮದರ್‌ವೆಲ್‌ಗೆ ಹೋಗಿ ಸಂಜೆ 3-1ರಿಂದ ಗೆದ್ದರು. ಓದಿದರೆ ನಗು ಬರುತ್ತದೆ. ಆದರೆ ಆರು ಗೋಲು ತಿಂದ ರೇತ್ ರೋವರ್ಸ್ ಯಾವ ತಂಡ ನೆನಪಿದೆಯಲ್ಲ? ಅದರ ಏಳು ಆಟಗಾರರು ಮೆಕ್ರೇ ಬೆಟಾಲಿಯನ್ ಸೇರಿದ್ದರು. ಇಂಥ ಅಂಕಪಟ್ಟಿಯಲ್ಲಿ ಬಲಾಬಲ ಅಳೆಯುವುದು ಹೇಗೆ?

ಸೆಲ್ಟಿಕ್ 1915ರ ನವೆಂಬರಿನಿಂದ 1917ರ ಏಪ್ರಿಲ್‌ವರೆಗೆ ಲೀಗಿನಲ್ಲಿ 62 ಪಂದ್ಯ ಸೋಲಲೇ ಇಲ್ಲ. ಕೊನೆಗೆ ಸೋಲಿಸಿದ್ದು ಕಿಲ್ಮಾರ್ನಾಕ್. 1917ರಲ್ಲಿ ರೈಲು ಪ್ರಯಾಣ ಕಷ್ಟವಾಗಿ ಅಬರ್ಡೀನ್, ಡಂಡೀ, ರೇತ್ ರೋವರ್ಸ್ ತಂಡಗಳನ್ನು ಲೀಗಿನಿಂದ ಹೊರಗುಳಿಯಲು ಹೇಳಿದರು. ಅವು ಪೂರ್ವ ಕರಾವಳಿಯ ಕಡೆಯವು. ಉಳಿದ ಹೆಚ್ಚಿನ ತಂಡಗಳು ಗ್ಲಾಸ್ಗೋ ಸುತ್ತಮುತ್ತಲಿನವು. ದೂರ ಇದ್ದದ್ದೇ ತಪ್ಪಾಯಿತು.

ಇದೆಲ್ಲದರ ನಡುವೆ 1916ರ ಜನವರಿಯಲ್ಲಿ ಕಡ್ಡಾಯ ಸೈನಿಕ ಸೇವೆಯ ಕಾನೂನು ಬಂತು. ಹೇಡಿ ಯಾರು ಅನ್ನುವ ಜಗಳಕ್ಕೆ ಅಲ್ಲಿಗೆ ಅರ್ಥವೇ ಉಳಿಯಲಿಲ್ಲ. 1939ರಲ್ಲಿ ಮತ್ತೆ ಯುದ್ಧ ಬಂದಾಗ ಇದೇ ಕಾರಣಕ್ಕೆ ಎಲ್ಲವೂ ಬೇರೆ ರೀತಿ ನಡೆಯಿತು. ಕಡ್ಡಾಯ ಸೇವೆ ಮೊದಲ ದಿನದಿಂದಲೇ ಇತ್ತು. ಐದು ಸುತ್ತು ಮುಗಿದಿದ್ದ ಲೀಗನ್ನು ಅಲ್ಲಿಗೇ ಕೈಬಿಟ್ಟರು, ಆಮೇಲೆ ಪ್ರದೇಶವಾರು ಸಣ್ಣ ಲೀಗುಗಳನ್ನು ನಡೆಸಿದರು. ಆಟಗಾರರಿಗೆ ಗರಿ ಕೊಡಲು ಯಾರೂ ಬರಲಿಲ್ಲ.

ಜುಲೈ 1

ಜೇಮ್ಸ್ ಸ್ಪೀಡಿ 1915ರ ಸೆಪ್ಟೆಂಬರಿನಲ್ಲೇ ಲೂಸ್ ಕದನದಲ್ಲಿ ಸತ್ತಿದ್ದ. ಮೆಕ್ರೇ ಬೆಟಾಲಿಯನ್ ಫ್ರಾನ್ಸ್ ತಲುಪಿದ್ದು 1916ರ ಜನವರಿಯಲ್ಲಿ. ಜುಲೈ 1ರ ಬೆಳಿಗ್ಗೆ ಸೋಮ್ ಕದನ ಶುರುವಾಯಿತು. ಆ ಒಂದೇ ದಿನ ಬ್ರಿಟಿಷ್ ಸೈನ್ಯದಲ್ಲಿ ಸತ್ತವರು 19,240. ಗಾಯಗೊಂಡವರು, ಕಾಣೆಯಾದವರು ಎಲ್ಲ ಸೇರಿದರೆ 57,470. ಮೆಕ್ರೇ ಅವರ ಹುಡುಗರಿಗೆ ಕೊಟ್ಟಿದ್ದ ದಿಕ್ಕು ಕೋಂತಾಲ್ಮೇಜೋನ್ ಎಂಬ ಹಳ್ಳಿಯ ಕಡೆಗೆ. ಡಂಕನ್ ಕರಿ, ಅರ್ನೆಸ್ಟ್ ಎಲ್ಲಿಸ್, ಹ್ಯಾರಿ ವ್ಯಾಟಿ: ಹಾರ್ಟ್ಸ್‌ನ ಮೂವರು ಅವತ್ತೇ ಹೋದರು. ಆಲ್ಫಿ ಬ್ರಿಗ್ಸ್ ಬದುಕಿದ, ಆದರೆ ಮತ್ತೆ ಆಡುವ ಸ್ಥಿತಿಯಲ್ಲಿರಲಿಲ್ಲ. ಆಗಸ್ಟಿನಲ್ಲಿ ಜೇಮ್ಸ್ ಬಾಯ್ಡ್, 1917ರ ಏಪ್ರಿಲ್‌ನಲ್ಲಿ ಜಾನ್ ಆಲನ್. ಗ್ರೇಸಿಯನ್ನೂ ಸೇರಿಸಿದರೆ ಒಟ್ಟು ಏಳು ಜನ. ರೇತ್ ರೋವರ್ಸ್‌ನ ಏಳರಲ್ಲಿ ಮೂವರು ತಿರುಗಿ ಬರಲಿಲ್ಲ.

ಬದುಕಿ ಬಂದವರ ಲೆಕ್ಕವೂ ಸುಲಭವಾಗಿಲ್ಲ. ಪ್ಯಾಟ್ ಕ್ರಾಸನ್ ಗಾಯ, ವಿಷಾನಿಲ ಎಲ್ಲವನ್ನೂ ಉಂಡು ಬಂದು ಮತ್ತೆ ಹಾರ್ಟ್ಸ್‌ಗೆ ಆಡಿದ, ಎಡಿನ್‌ಬರೋದಲ್ಲಿ ಬಾರ್ ಇಟ್ಟ, 1933ರಲ್ಲಿ ತೀರಿಕೊಂಡ. ಹಾರ್ಟ್ಸ್‌ನವನೇ ಆದ ಬಾಬ್ ಮರ್ಸರ್‌ನ ಎದೆಗೂ ಅನಿಲ ಸೇರಿತ್ತು. 1926ರಲ್ಲಿ ಸೆಲ್ಕರ್ಕ್ ಊರಿನಲ್ಲಿ ಒಂದು ಸ್ನೇಹಪಂದ್ಯ ಆಡುತ್ತಿರುವಾಗ ಮೈದಾನದಲ್ಲೇ ಕುಸಿದುಬಿದ್ದು ಸತ್ತ. ಅವನ ಹೆಸರು ಹಾರ್ಟ್ಸ್‌ನ ಆ ಏಳರಲ್ಲಿ ಇಲ್ಲ.

ಕೋಂತಾಲ್ಮೇಜೋನ್ ಹಳ್ಳಿಯಲ್ಲಿ ಬೆಟಾಲಿಯನ್ನಿಗೆ ಕಲ್ಲಿನ ಸ್ಮಾರಕ ಎದ್ದದ್ದು 2004ರಲ್ಲಿ, ಸುಮಾರು ತೊಂಬತ್ತು ವರ್ಷ ತಡವಾಗಿ. ಎಡಿನ್‌ಬರೋದವರು ಅಷ್ಟು ಕಾಯಲಿಲ್ಲ. 1922ರ ಏಪ್ರಿಲ್‌ನಲ್ಲಿ ಹೇಮಾರ್ಕೆಟ್ ಸ್ಟೇಷನ್ನಿನ ಎದುರು ಒಂದು ಗಡಿಯಾರದ ಕಂಬ ನಿಲ್ಲಿಸಿದರು. ರೈಲಿಳಿದು ಟೈನ್‌ಕಾಸಲ್ ಕಡೆಗೆ ನಡೆದು ಹೋಗುವ ದಾರಿಯಲ್ಲೇ ಇದೆ ಅದು. 2009ರಲ್ಲಿ ಟ್ರಾಮ್ ಹಳಿ ಹಾಕಲು ಅದನ್ನು ಬಿಚ್ಚಿ ಉಗ್ರಾಣಕ್ಕೆ ಸಾಗಿಸಿದರು, ಕೆಲಸ ಮುಗಿದ ಮೇಲೆ ತಂದು ನಿಲ್ಲಿಸಿದರು. ಪಂದ್ಯಕ್ಕೆ ತಡವಾಯಿತೇ ಎಂದು ನೋಡಲು ತಲೆ ಎತ್ತುವವರು ಅದರ ಕಡೆಗೇ ತಲೆ ಎತ್ತುತ್ತಾರೆ.